ಟೇಯಾ ಫಾನ್ ಹಾರ್ಬು ಬಗ್ಗೆ ಮಾತು: ಎಲ್ಲಿಂದ ಶುರು ಮಾಡಲಿ, ಯಾವ ಪ್ರತಿ ಹಾಕಲಿ?

ಕೇಳಿದವರು: ಬೆಳಗಾವಿಯಲ್ಲಿ ‘ಮೆಟ್ರೊಪೊಲಿಸ್’ ಅನ್ನೋ ಹಳೇ ಜರ್ಮನ್ ಮೂಕಿಚಿತ್ರ ತೋರಿಸಿ, ಅದನ್ನು ಬರೆದ ನಟಿ ಹಾರ್ಬು ಬಗ್ಗೆ 20 ನಿಮಿಷ ಮಾತಾಡಬೇಕು. ಹಾಲ್ ಇರೋದು ಎರಡೂವರೆ ಗಂಟೆ. ಮಾಡಿದವರು ಹೇಳಿ.

ರೀಲುರಾಯ: ಕಳೆದುಹೋದ ಭಾಗ ಸೇರಿಸಿ ಸರಿಪಡಿಸಿದ 2010ರ ಪ್ರತಿ ಬಿಟ್ಟು ಬೇರೆ ಮುಟ್ಟಬೇಡಿ. 1927ರ ಜನವರಿ 10ರಂದು ಬರ್ಲಿನ್‌ನಲ್ಲಿ ಓಡಿದ್ದು 4,189 ಮೀಟರ್. ಸೆಕೆಂಡಿಗೆ 24 ಫ್ರೇಮ್ ಹಿಡಿದರೆ 153 ನಿಮಿಷ, 20 ಹಿಡಿದರೆ 183. ಆಮೇಲೆ ಕತ್ತರಿಸಿ ಹಾಳುಮಾಡಿದರು. 2008ರಲ್ಲಿ ಬ್ಯೂನಸ್ ಐರಿಸ್‌ನಲ್ಲಿ ಸಿಕ್ಕ 16 ಎಂಎಂ ಪ್ರತಿಯಿಂದ ಸುಮಾರು 25 ನಿಮಿಷ ವಾಪಸ್ ಬಂತು. ಗೀರು ಬಿದ್ದ 35 ಎಂಎಂನಿಂದಲೇ ಅದನ್ನು ಇಳಿಸಿದ್ದು, ಹಾಗಾಗಿ ಗೀರು ಚಿತ್ರದೊಳಗೇ ಅಚ್ಚಾಗಿದೆ, ಚೌಕಟ್ಟೂ ಕಿರಿದು. ಮೊದಲೇ ಹೇಳದಿದ್ದರೆ ಪ್ರೊಜೆಕ್ಟರ್ ಕೆಟ್ಟಿತು ಅಂತ ಗಲಾಟೆ ಎಬ್ಬಿಸ್ತಾರೆ.

ಅಂಕದಪರದೆ: ಕೇಳಿದ್ದು ಲೇಖಕಿ ಬಗ್ಗೆ, ಬಂದದ್ದು ಮೀಟರ್ ಲೆಕ್ಕ! ರಂಗಭೂಮಿಯಿಂದ ಶುರು ಮಾಡಿ. 1906ರಲ್ಲಿ ಡುಸೆಲ್ಡಾರ್ಫ್, ಆಮೇಲೆ ವೈಮಾರ್, ಕೆಮ್ನಿಟ್ಸ್, ಆಖೆನ್. ಆಖೆನ್‌ನ ಸಹನಟ ರುಡಾಲ್ಫ್ ಕ್ಲೈನ್-ರೋಗೆಯನ್ನು 1914ರಲ್ಲಿ ಮದುವೆಯಾದರು. ‘ಮೆಟ್ರೊಪೊಲಿಸ್’ನಲ್ಲಿ ವಿಜ್ಞಾನಿ ರೋಟ್‌ವಾಂಗ್ ಪಾತ್ರ ಮಾಡಿದ್ದು ಅದೇ ಮಾಜಿ ಗಂಡ; ನಿರ್ದೇಶಕ ಫ್ರಿಟ್ಸ್ ಲಾಂಗ್ ಆ ಹೊತ್ತಿನ ಗಂಡ. 1918ರ ಕಾದಂಬರಿ ‘ಭಾರತದ ಗೋರಿ’ 1921ರಲ್ಲಿ ಎರಡು ಭಾಗದ ಚಿತ್ರವಾಯ್ತು. ಅದರ ಭಾರತ ಎದ್ದಿದ್ದು ಬರ್ಲಿನ್ ಪಕ್ಕದ ವೋಲ್ಟರ್ಸ್‌ಡಾರ್ಫ್‌ನಲ್ಲಿ, ಸೆಟ್ ಹಾಕಿ.

ಚುಟುಕುಪ್ರಿಯ: ಸಂಗೀತಗಾರ ಮೊರೊಡರ್ 1984ರಲ್ಲಿ ಹೊಸದಾಗಿ ಜೋಡಿಸಿದ ಪ್ರತಿ ಹಾಕಿ. ಸುಮಾರು 80 ನಿಮಿಷ, ಬಣ್ಣ, ಹಾಡು. ಹುಡುಗರು ಏಳದೆ ಕೂರ್ತಾರೆ.

ರೀಲುರಾಯ: ಅದು ಮೆಟ್ರೊಪೊಲಿಸ್ ಅಲ್ಲ, ಅದರ ಉಪ್ಪಿನಕಾಯಿ. ಅಂಕದಪರದೆ ಮೇಡಂ, ಲೇಖಕಿಗೆ ಗೌರವ ಕೊಡೋದು ಅಂದ್ರೆ ಇದೇ. ಯಾವ ಶಾಟ್ ಆದಮೇಲೆ ಯಾವುದು ಅಂತ ಜೋಡಿಸಿದ್ದು ಸಂಗೀತಗಾರ ಹುಪ್ಪರ್ಟ್ಸ್ ಹತ್ತಿರ ಉಳಿದಿದ್ದ ಹಾರ್ಬು ಚಿತ್ರಕಥೆ, ಜೊತೆಗೆ ಅವರ ಸ್ವರಲಿಪಿಯ ಸಾವಿರ ಚಿಲ್ಲರೆ ಸೂಚನೆ ನೋಡಿ. ರೋಟ್‌ವಾಂಗ್ ಮತ್ತು ನಗರದ ಯಜಮಾನ ಫ್ರೆಡರ್ಸನ್ ಹೊಡೆದಾಟ ಇನ್ನೂ ಸಿಕ್ಕಿಲ್ಲ. ಅಲ್ಲಿ ಬರಹ ಫಲಕವೇ ಗತಿ.

ಕಹಿಬೇವು: 1933ರ ನಂತರದ್ದನ್ನು ಎಲ್ಲರೂ ಜಾರಿಸ್ತೀರಿ. ವಿಚ್ಛೇದನ ಆಯ್ತು, ಲಾಂಗ್ ದೇಶ ಬಿಟ್ಟರು, ಈಕೆ ಉಳಿದು ನಾತ್ಸಿ ಪಕ್ಷ ಸೇರಿದರು. 1934ರಲ್ಲಿ ಎರಡು ಚಿತ್ರ ನಿರ್ದೇಶನ. ಉಳಿದಂತೆ ಯುದ್ಧ ಮುಗಿಯೋವರೆಗೂ ಚಿತ್ರಕಥೆ. 1945ರಲ್ಲಿ ಬ್ರಿಟಿಷರ ಬಂಧನ ಶಿಬಿರ, ಆಮೇಲೆ ಬರ್ಲಿನ್‌ನಲ್ಲಿ ಅವಶೇಷ ಎತ್ತುವ ಕೂಲಿ. 20ರಲ್ಲಿ 5 ನಿಮಿಷ ಇದಕ್ಕಿಡಿ.

ಅಂಕದಪರದೆ: ಹಾಗಾದ್ರೆ ಲಾಂಗ್ ಚಿತ್ರ ‘ಎಂ’ ಬರೆದದ್ದೂ ತಪ್ಪಾ?

ಕಹಿಬೇವು: ಅದು 1931. ಇಸವಿ ನೋಡಿ ಜಗಳಕ್ಕೆ ಬನ್ನಿ.

ಗಡಿನಾಡವ: ಬೆಳಗಾವಿಯೊಳಗ ಮಾತಾಡಾವ್ರು ಬೆಳಗುಂದಿ ಬಿಟ್ರ ಹ್ಯಾಂಗ್ರಿ? ಹಾರ್ಬು ಅವರ ಜೋಡಿ ಬರ್ಲಿನ್‌ನ್ಯಾಗ ಇದ್ದ ಪತ್ರಕರ್ತ ಅಯಿ ತೆಂಡುಲ್ಕರ್ ನಮ್ಮ ಬೆಳಗುಂದಿಯವ್ರು. ಅಲ್ಲಿಂದ ಶುರು ಮಾಡ್ರಿ, ಮಂದಿ ಕಿವಿ ನಿಮಿರಸ್ತಾರ.

ಚುಟುಕುಪ್ರಿಯ: ತೆಂಡುಲ್ಕರ್ ಮರಾಠಿಗರಲ್ವಾ?

ಗಡಿನಾಡವ: ಊರು ಯಾವ ರಾಜ್ಯದಾಗ ಅದ ಅದನ್ನ ಹೇಳ್ರಿ ಮದಲ!

ಕಹಿಬೇವು: ಗಡಿ ಶುರುವಾಯ್ತು. ಮುಗೀತು ಕಥೆ.

ಕೇಳಿದವರು: ರೀಲುರಾಯರೇ, 2010ರ ಪ್ರತಿ ಸುಮಾರು 150 ನಿಮಿಷ, ಹಾಲೂ 150 ನಿಮಿಷ. ಮಾತು ಎಲ್ಲಿ ಆಡಲಿ?

ರೀಲುರಾಯ: ಮೆಟ್ಟಿಲ ಮೇಲೆ. ಚಿತ್ರ ಕತ್ತರಿಸಬೇಡಿ.