ಹಿಮಬಿರುಗಾಳಿಗೆ ಹಿಮ ಬೀಳಲೇಬೇಕಾ?

ಗಾಳಿಪಟ: ಹಿಮಬಿರುಗಾಳಿ ಅಂದ್ರೆ ಜೋರಾಗಿ ಹಿಮ ಬೀಳುವುದು ಅಂತ ಎಲ್ಲರೂ ಬರೆಯುತ್ತಾರೆ. ತಪ್ಪು. ಅಮೆರಿಕದ ಹವಾಮಾನ ಇಲಾಖೆ ಪ್ರಕಾರ ಗಾಳಿ ಗಂಟೆಗೆ 56 ಕಿ.ಮೀ. ಮುಟ್ಟಬೇಕು, ಹಾರುವ ಹಿಮದಿಂದ 400 ಮೀಟರ್ ಆಚೆ ಏನೂ ಕಾಣಬಾರದು, ಹೀಗೆ ಕನಿಷ್ಠ 3 ಗಂಟೆ ಇರಬೇಕು. ಎಷ್ಟು ಹಿಮ ಬಿತ್ತು ಅನ್ನುವುದು ಲೆಕ್ಕದಲ್ಲೇ ಇಲ್ಲ.

ಮಂಜುಹನಿ: "ಲೆಕ್ಕದಲ್ಲೇ ಇಲ್ಲ" ಅಂದುಬಿಟ್ಟರೆ ಮುಗಿಯಿತಾ? ಇದು ಹುಟ್ಟುವುದು ಹೇಗೆ ಅಂತ ನೋಡಿ. ಉತ್ತರ ಗೋಳಾರ್ಧದಲ್ಲಿ ದಕ್ಷಿಣದ ಬೆಚ್ಚಗಿನ, ತೇವದ ಗಾಳಿಯೂ ಧ್ರುವದ ಕಡೆಯ ಕೊರೆಯುವ ಗಾಳಿಯೂ ಎದುರುಬದುರಾಗುತ್ತವೆ. ಬೆಚ್ಚಗಿನದು ಹಗುರ, ಮೇಲೇರುತ್ತದೆ, ಅದರ ತೇವ ತಣಿದು ಹಿಮವಾಗುತ್ತದೆ. ಕೆಳಗೆ ಒತ್ತಡ ಕುಸಿದು ಸುತ್ತಲ ಗಾಳಿ ನುಗ್ಗುತ್ತದೆ. ಇದರಲ್ಲಿ ಹಿಮ ಬೀಳುವುದನ್ನು ಹೇಗೆ ಬಿಡುತ್ತೀರಿ?

ಗಾಳಿಪಟ: ಅಮೆರಿಕದ ಬಫಲೋ ನಗರ, 1977ರ ಜನವರಿ. ಪಕ್ಕದ ಈರೀ ಸರೋವರ ಡಿಸೆಂಬರ್‌ನಲ್ಲೇ ಹೆಪ್ಪುಗಟ್ಟಿತ್ತು. ಅದರ ಮೇಲೆ ಪುಡಿಪುಡಿ ಹಿಮ ಕೂತಿತ್ತು. ಗಾಳಿ ಅದನ್ನೇ ಬಾಚಿಕೊಂಡು ಬಂದು ಊರಿನ ಮೇಲೆ ಸುರಿಯಿತು. ಕಾರುಗಳು ಹೂತುಹೋದವು, 29 ಜನ ಸತ್ತರು.

ಮಂಜುಹನಿ: "ಕೂತಿತ್ತು" ಅಂತ ನೀವೇ ಹೇಳಿದಿರಿ. ಯಾವತ್ತೋ ಬಿದ್ದಿದ್ದಕ್ಕೇ ಕೂತಿತ್ತು ಅಲ್ವಾ? ಆ ದಿನಗಳಲ್ಲಿ ಹೊಸ ಹಿಮವೂ ಬಿದ್ದಿತ್ತು, ಅದನ್ನು ಯಾಕೆ ಬಿಟ್ಟಿರಿ?

ಥರ್ಮಾಮೀಟರ್: 3 ಗಂಟೆ ಅನ್ನುವುದು ಅಮೆರಿಕದ ಲೆಕ್ಕ. ಕೆನಡಾದಲ್ಲಿ ಗಾಳಿ 40 ಕಿ.ಮೀ. ಇದ್ದರೆ ಸಾಕು, ಆದರೆ 4 ಗಂಟೆ ಇರಬೇಕು. ಒಂದು ದೇಶದ ಅಂಕಿ ಹಿಡಿದು ಲೋಕಕ್ಕೆಲ್ಲ ಪಾಠ ಹೇಳಬೇಡಿ.

ಗಾಳಿಪಟ: ಪಾಠನಾ? ಕೆನಡಾದವರು ಇಷ್ಟು ಇಂಚು ಹಿಮ ಬೀಳಬೇಕು ಅಂತ ಎಲ್ಲಿ ಹೇಳಿದ್ದಾರೆ, ತೋರಿಸಿ.

ಥರ್ಮಾಮೀಟರ್: ನಾನು ಹೇಳಿದ್ದು ಗಂಟೆಯ ಮಾತು. ಇಂಚಿನ ಸುದ್ದಿಗೇ ನಾನು ಬಂದಿಲ್ಲ. ಸುಮ್ನೆ ಮಾತು ತಿರುಗಿಸಬೇಡಿ.

ಮಂಜುಹನಿ: ಇಂಚಿನ ಮಾತು ಬಂತಲ್ಲ, 1972ರ ಇರಾನ್ ನೋಡಿ. ದಿನಗಟ್ಟಲೆ ಬಿದ್ದ ಹಿಮ ಹಳ್ಳಿಗಳನ್ನೇ ಮುಚ್ಚಿತು. ಸುಮಾರು 4,000 ಜನ ಸತ್ತರು. ಅವರನ್ನು ಕೊಂದಿದ್ದು ಬರೀ ಗಾಳಿಯಾ?

ಗಾಳಿಪಟ: ಬರೀ ಗಾಳಿ ಅಂತ ನಾನು ಯಾವಾಗ ಹೇಳಿದೆ? ಮೊದಲ ಕಾಮೆಂಟ್ ಇನ್ನೊಂದು ಸಲ ಓದಿ!

ದಾರಿಹೋಕ: ನಾನು ಇಂಥದ್ದರಲ್ಲಿ ಸಿಕ್ಕಿಹಾಕಿಕೊಂಡಿದ್ದೆ. ರಸ್ತೆ, ಆಕಾಶ ಎಲ್ಲ ಒಂದೇ ಬಿಳಿ, ನನ್ನ ಕಾರಿನ ಬಾನೆಟ್ಟೇ ಕಾಣುತ್ತಿರಲಿಲ್ಲ. ಹೀಟರ್‌ಗೋಸ್ಕರ ಎಂಜಿನ್ ಆನ್ ಇಟ್ಟಿದ್ದೆವು. ಸ್ವಲ್ಪ ಹೊತ್ತಿಗೆ ತಲೆ ಸಿಡಿಯತೊಡಗಿತು. ಅಣ್ಣ ಬಾಗಿಲು ಹಿಡಿದುಕೊಂಡೇ ಇಳಿದು ನೋಡಿದರೆ ಸೈಲೆನ್ಸರ್ ಪೈಪಿನ ಬಾಯಿ ಪೂರ್ತಿ ಮುಚ್ಚಿತ್ತು. ಹೊಗೆಯಲ್ಲಿರುವ ಕಾರ್ಬನ್ ಮಾನಾಕ್ಸೈಡ್ ಅನ್ನುವ ವಿಷಾನಿಲ ಕಾರಿನೊಳಗೇ ತುಂಬುತ್ತಿತ್ತು, ಅದಕ್ಕೆ ವಾಸನೆಯೂ ಇಲ್ಲ. ಎಂಜಿನ್ ಆರಿಸಿ, ಬರಿಗೈಯಲ್ಲಿ ಬಗೆದು ತೆಗೆದೆವು. ಹಿಮ ಮೇಲಿಂದ ಬಿತ್ತೋ ನೆಲದಿಂದ ಎದ್ದಿತೋ ಅಂತ ಆಗ ನಮಗೆ ಹೊಳೆಯಲೇ ಇಲ್ಲ.

ಥರ್ಮಾಮೀಟರ್: ಇಳಿದಿದ್ದೇ ತಪ್ಪು. ಕಾರಿನಿಂದ ನಾಲ್ಕು ಹೆಜ್ಜೆ ದೂರ ಹೋಗಿ ದಾರಿ ತಪ್ಪಿ ಸತ್ತವರಿದ್ದಾರೆ.

ದಾರಿಹೋಕ: ಬಾಗಿಲು ಹಿಡಿದುಕೊಂಡೇ ಅಂತ ಬರೆದಿದ್ದೇನೆ. ಇಳಿಯದಿದ್ದರೆ ಇವತ್ತು ಇದನ್ನು ಬರೆಯಲು ನಾನಿರುತ್ತಿರಲಿಲ್ಲ.

ಗಾಳಿಪಟ: "ನೆಲದಿಂದ ಎದ್ದಿತೋ" ಅಂದರಲ್ಲ, ನಾನು ಹೇಳಿದ್ದೂ ಅದೇ.

ಮಂಜುಹನಿ: "ಮೇಲಿಂದ ಬಿತ್ತೋ" ಅಂತಲೂ ಅಂದಿದ್ದಾರೆ. ಪೂರ್ತಿ ಓದಿ.