ಟ್ವಿಂಕಲ್ ಟ್ವಿಂಕಲ್‌ನಿಂದ ದೀಕ್ಷಿತರ ತನಕ

ಹೋದ ವಾರ ಇಂಗ್ಲೆಂಡಿನಲ್ಲಿರುವ ನಮ್ಮ ಕನ್ನಡಿಗರ ಗುಂಪಿನಲ್ಲಿ ಒಬ್ಬರು ಕೇಳಿದ್ದರು. ಮಗಳು ಪಿಯಾನೋ ಕ್ಲಾಸಿಗೆ ಹೋಗುತ್ತಾಳೆ, ಶನಿವಾರ ಆನ್‌ಲೈನ್‌ನಲ್ಲಿ ಕರ್ನಾಟಕ ಸಂಗೀತವನ್ನೂ ಕಲಿಯುತ್ತಾಳೆ. ಬೀಥೋವನ್ ಯಾರು, ತ್ಯಾಗರಾಜರು ಯಾರು ಅಂತ ಹೇಳಲು ಕೂತರೆ ಎರಡೇ ನಿಮಿಷಕ್ಕೆ ಆಕಳಿಸುತ್ತಾಳೆ, ಏನು ಮಾಡೋದು ಅಂತ. ಕಮೆಂಟ್ ಬರೆಯಲು ಹೊರಟೆ, ಉದ್ದವಾಯಿತು. ಅದಕ್ಕೇ ಬೇರೆ ಪೋಸ್ಟ್.

ಆಕಳಿಸದೆ ಇನ್ನೇನು ಮಾಡುತ್ತಾಳೆ ಪಾಪ. ನಾವು ಹೇಳುವುದೇ ಹಾಗೆ. ಇಂಥ ಊರಲ್ಲಿ ಹುಟ್ಟಿದರು, ಇಷ್ಟು ಕೃತಿ ರಚಿಸಿದರು, ಕೊನೆಗೊಂದು ಪವಾಡ. ಪಾಶ್ಚಾತ್ಯರಾದರೆ ಪವಾಡದ ಜಾಗಕ್ಕೆ ಬಾಲಪ್ರತಿಭೆ. 'ಮೊಜಾರ್ಟ್ ಐದು ವರ್ಷಕ್ಕೇ ಕಂಪೋಸ್ ಮಾಡ್ತಿದ್ದ ಗೊತ್ತಾ? ನಿನಗೆ ಸ್ಕೇಲ್ ನುಡಿಸೋಕೂ ಅಳು!' ಈ ಮಾತೊಂದನ್ನು ದಯವಿಟ್ಟು ಯಾರೂ ಹೇಳಬೇಡಿ. ಆ ಮಗು ಮೊಜಾರ್ಟ್‌ನ ಹೆಸರು ಕೇಳಿದರೇ ಮುಖ ಸಿಂಡರಿಸುವ ಹಾಗಾಗುತ್ತದೆ.

ಮಗುವಿನ ಬೆರಳಿಗೋ ಬಾಯಿಗೋ ಆಗಲೇ ಕೂತಿರುವ ಟ್ಯೂನಿನಿಂದ ಶುರು ಮಾಡಿ ಅಂತ ನನ್ನ ಸಲಹೆ. ಮನುಷ್ಯ ಆಮೇಲೆ ಬರಲಿ.

ಟ್ವಿಂಕಲ್ ಟ್ವಿಂಕಲ್ ತಗೊಳ್ಳಿ. ಪಿಯಾನೋ ಮುಟ್ಟಿದ ಪ್ರತಿ ಮಗುವಿಗೂ ಅದು ಬರುತ್ತದೆ. ಟ್ಯೂನು ಒಂದು ಹಳೇ ಫ್ರೆಂಚ್ ಹಾಡಿನದು. ಮೊಜಾರ್ಟ್ ಹಾಕಿದ ಟ್ಯೂನು ಅಂತ ಎಷ್ಟೋ ಜನ ಅಂದುಕೊಂಡಿದ್ದಾರೆ, ಅಲ್ಲ. ಅವನು ಅದರ ಮೇಲೆ 12 ವೇರಿಯೇಷನ್, ಅಂದರೆ ಅದೇ ಟ್ಯೂನನ್ನು ಬೇರೆಬೇರೆ ಥರ ಬದಲಾಯಿಸಿದ ರೂಪಗಳನ್ನು, ಬರೆದ. ಇದೇ ಟ್ಯೂನು ಮದ್ರಾಸಿಗೂ ಬಂತು. ಕರ್ನಾಟಕ ಸಂಗೀತದ ವಾಗ್ಗೇಯಕಾರ ಮುತ್ತುಸ್ವಾಮಿ ದೀಕ್ಷಿತರು ಹುಡುಗರಾಗಿದ್ದಾಗ ಅವರ ಮನೆಯವರು ಮದ್ರಾಸಿನ ಹತ್ತಿರ ಮಣಲಿಯಲ್ಲಿದ್ದರು. ಅಲ್ಲಿನ ಮೊದಲಿಯಾರರ ಆಶ್ರಯ, ಅವರ ಜೊತೆ ಮದ್ರಾಸಿನ ಕೋಟೆಗೆ ಹೋಗಿ ಈಸ್ಟ್ ಇಂಡಿಯಾ ಕಂಪನಿ ಸರ್ಕಾರದ ಬ್ಯಾಂಡ್ ಕೇಳುವ ಅವಕಾಶ. ಹಾಗೆ ಕಿವಿಗೆ ಬಿದ್ದ ಟ್ಯೂನುಗಳಿಗೆ ದೀಕ್ಷಿತರು ಸಂಸ್ಕೃತದಲ್ಲಿ ಸಾಹಿತ್ಯ ಕಟ್ಟಿದರು. ಅವೇ ನೋಟ್ಟುಸ್ವರಗಳು. 'ಶ್ಯಾಮಲೇ ಮೀನಾಕ್ಷಿ' ನಮ್ಮ ಟ್ವಿಂಕಲ್ಲೇ. 'ಸಂತತಂ ಪಾಹಿಮಾಂ' ಹಾಡಿಸಿ ನೋಡಿ, ಇಲ್ಲಿನ ಮಕ್ಕಳು ತಟ್ಟನೆ ಕತ್ತೆತ್ತುತ್ತಾರೆ. ಅದು ಇಲ್ಲಿನ ರಾಷ್ಟ್ರಗೀತೆ, ಗಾಡ್ ಸೇವ್ ದ ಕಿಂಗ್! ರಾಗ ಶಂಕರಾಭರಣ, ಅಂದರೆ ಸಿ ಮೇಜರ್ ಸ್ಕೇಲಿನ ಸ್ವರಗಳೇ, ಬರೀ ಬಿಳಿ ಕೀಗಳಲ್ಲಿ ಮುಗಿಯುತ್ತದೆ. ಒಂದು ಮಗು ನುಡಿಸಲಿ, ಇನ್ನೊಂದು ಹಾಡಲಿ. ಇಷ್ಟಾದ ಮೇಲೆ 'ಯಾರಮ್ಮ ಈ ದೀಕ್ಷಿತರು?' ಅಂತ ಅವರೇ ಕೇಳುತ್ತಾರೆ. ಆಗ ಕಾಶಿಗೆ ಹೋಗಿದ್ದು, ತಮ್ಮ ಬಾಲುಸ್ವಾಮಿ ಪಿಟೀಲು ಕಲಿತು ಅದನ್ನು ನಮ್ಮ ಸಂಗೀತಕ್ಕೆ ಒಗ್ಗಿಸಿದ್ದು, ಎಲ್ಲಾ ಹೇಳಬಹುದು.

ಎರಡನೆಯದು, ಇಸವಿಗಳು. ಬಾಯಿಪಾಠಕ್ಕಲ್ಲ, ಗೋಡೆಗೆ ಅಂಟಿಸಲು. ನಮ್ಮ ಅಡುಗೆಮನೆಯಲ್ಲಿ ಫ್ರಿಜ್ಜಿನಿಂದ ಬಾಗಿಲಿನವರೆಗೆ ಒಂದು ಉದ್ದನೆಯ ಕಾಗದದ ಪಟ್ಟಿ ಇದೆ. ಪಿಯಾನೋದವರು ನೀಲಿ ಪೆನ್ಸಿಲ್, ನಮ್ಮವರು ಕೆಂಪು. ಮೊಜಾರ್ಟ್ 1756, ಶ್ಯಾಮಾಶಾಸ್ತ್ರಿಗಳು 1762, ತ್ಯಾಗರಾಜರು 1767, ಬೀಥೋವನ್ 1770, ದೀಕ್ಷಿತರು 1775. ಇಪ್ಪತ್ತು ವರ್ಷದೊಳಗೆ ಐದು ಜನ! ನಮ್ಮ ಮೂವರೂ ಹುಟ್ಟಿದ್ದು ಒಂದೇ ಊರಲ್ಲಿ, ತಿರುವಾರೂರಿನಲ್ಲಿ. ಶ್ಯಾಮಾಶಾಸ್ತ್ರಿಗಳೂ ಬೀಥೋವನ್ನೂ ತೀರಿಕೊಂಡಿದ್ದು ಒಂದೇ ವರ್ಷ, 1827. ಕೆಂಪು ನೀಲಿ ಒಂದರ ಮೇಲೊಂದು ಬಿದ್ದು ಆ ಜಾಗ ನೇರಳೆ ಆಗಿಬಿಟ್ಟಿದೆ. 'ಇವರಿಗೆ ಅವರ ಹಾಡು ಕೇಳಿಸಿತ್ತಾ?' ಅಂತ ಮಗನ ಪ್ರಶ್ನೆ. ಇಲ್ಲ ಕಣೋ, ಹಡಗಿನಲ್ಲಿ ತಿಂಗಳುಗಟ್ಟಲೆ ದಾರಿ, ರೆಕಾರ್ಡಿಂಗ್ ಇರಲಿಲ್ಲ ಅಂದೆ. ಆಮೇಲೆ ಪುರಂದರದಾಸರನ್ನು ಬರೆಯಲು ಹೋದರೆ ಕಾಗದ ಸಾಲದು. 1484! ಫ್ರಿಜ್ಜಿನ ಆ ಕಡೆಗೆ ಇನ್ನೊಂದು ತುಂಡು ಅಂಟಿಸಬೇಕಾಯಿತು. ಜರ್ಮನಿಯ ಸಂಗೀತಗಾರ ಬಾಖ್ ಹುಟ್ಟುವಷ್ಟರಲ್ಲಿ ದಾಸರು ತೀರಿಕೊಂಡು 121 ವರ್ಷ. 'ನಾವೇ ಫಸ್ಟ್' ಅಂತ ಮಗ ಕುಣಿದ. ಕುಣಿಯಲಿ ಬಿಡಿ, ಆದರೆ ನಾವು ದೊಡ್ಡವರು ಅದನ್ನೇ ಹಿಡಿದು ಭಾಷಣ ಬಿಗಿಯುವುದು ಬೇಡ.

ದಾಸರ ವಿಷಯದಲ್ಲಿ ನಮಗೊಂದು ಅನುಕೂಲ ಇದೆ. ಸರಳೆ ವರಸೆಯ, ಅಂದರೆ ಮೊಟ್ಟಮೊದಲ ಸ್ವರಪಾಠಗಳ, ಕ್ರಮ ಹಾಕಿಕೊಟ್ಟವರು ಅವರೇ ಅನ್ನುವುದು ಪರಂಪರೆ. 'ಲಂಬೋದರ ಲಕುಮಿಕರ' ಹೇಳುವ ಮಗು ಆಗಲೇ ಅವರ ಶಿಷ್ಯ. ಮೂಗುತಿಯ ಕಥೆಯನ್ನಂತೂ ಮಕ್ಕಳು ಬಾಯಿಬಿಟ್ಟುಕೊಂಡು ಕೇಳುತ್ತಾರೆ. ಕಥೆ ಮುಗಿದ ಮೇಲೆ 'ಇದು ನಿಜಾನಾ?' ಅಂತ ಬರುತ್ತದೆ. ಇಲ್ಲಿನ ಶಾಲೆಯಲ್ಲಿ ಅದನ್ನೇ ಕಲಿಸುವುದು ಅಲ್ವಾ, ಹೇಗೆ ಗೊತ್ತು ಅಂತ ಕೇಳುವುದನ್ನು. ಇದ್ದದ್ದನ್ನು ಹೇಳಿಬಿಡಿ. ಮೊಜಾರ್ಟ್ ಬರೆದ ಕಾಗದಗಳು ಇವತ್ತಿಗೂ ಇವೆ. ಅದರಲ್ಲಿ ಕಕ್ಕಸಿನ ಜೋಕುಗಳೂ ಇವೆ, ಮಕ್ಕಳು ಬಿದ್ದುಬಿದ್ದು ನಗುತ್ತಾರೆ. ದಾಸರ ಕಥೆ ಬಾಯಿಂದ ಬಾಯಿಗೆ ಬಂದದ್ದು. ಅಷ್ಟು ಹೇಳಿದರೆ ಕಥೆಯ ರುಚಿ ಏನೂ ಕೆಡುವುದಿಲ್ಲ.

ಲಂಡನ್ ಕಡೆ ಇರುವವರಿಗೆ ಇನ್ನೂ ಸುಲಭ. ಬ್ರೂಕ್ ಸ್ಟ್ರೀಟ್‌ನಲ್ಲಿ ಸಂಗೀತಗಾರ ಹ್ಯಾಂಡೆಲ್ ಮನೆ ಇದೆ. 1723ರಿಂದ ಸಾಯುವವರೆಗೆ, 36 ವರ್ಷ ಅಲ್ಲೇ ಇದ್ದ. ಪಕ್ಕದ ಮನೆಯ ಮೇಲಿನ ಫ್ಲ್ಯಾಟಿನಲ್ಲಿ 200 ವರ್ಷದ ನಂತರ ರಾಕ್ ಗಿಟಾರ್ ವಾದಕ ಜಿಮಿ ಹೆಂಡ್ರಿಕ್ಸ್! ಎರಡೂ ಸೇರಿ ಈಗ ಒಂದೇ ಮ್ಯೂಸಿಯಂ. ಇಬ್ಬರೂ ಒಂದೇ ಕಾಲಕ್ಕೆ ಇದ್ದಿದ್ದರೆ ಗಲಾಟೆ ಅಂತ ಯಾರು ಯಾರ ಮೇಲೆ ದೂರು ಕೊಡುತ್ತಿದ್ದರು ಅಂತ ಟ್ಯೂಬ್ ರೈಲಿನಲ್ಲಿ ವಾಪಸ್ ಬರುವಾಗ ಪೂರ್ತಿ ಅದೇ ಚರ್ಚೆ. ಎಬರಿ ಸ್ಟ್ರೀಟ್‌ನಲ್ಲಿ ಒಂದು ಫಲಕ ಇದೆ, ಎಂಟು ವರ್ಷದ ಮೊಜಾರ್ಟ್ 1764ರಲ್ಲಿ ತನ್ನ ಮೊದಲ ಸಿಂಫನಿ ಬರೆದ ಮನೆ. ಸುಮ್ನೆ ಒಂದು ಮನೆ ಅಷ್ಟೇ, ಒಳಗೆ ಹೋಗಲಾಗದು.

ಆ ಮನೆಯಲ್ಲಿ ಅವನ ಅಕ್ಕ ನಾನರ್ಲ್ ಕೂಡ ಇದ್ದಳು. ಅವಳೂ ಊರೂರು ಸುತ್ತಿ ಕೀಬೋರ್ಡ್ ನುಡಿಸಿ ಚಪ್ಪಾಳೆ ಗಿಟ್ಟಿಸಿದವಳೇ. ದೊಡ್ಡವಳಾದ ಮೇಲೆ ಅವಳನ್ನು ಮನೆಯಲ್ಲೇ ಬಿಟ್ಟು ತಮ್ಮನನ್ನು ಮಾತ್ರ ಕರೆದುಕೊಂಡು ಹೋದರು. ಇದನ್ನು ಕೇಳಿ ನನ್ನ ಮಗಳಿಗೆ ಬಂದ ಸಿಟ್ಟು ಯಾವ ಪವಾಡ ಕೇಳಿಯೂ ಬಂದಿರಲಿಲ್ಲ. ಅವತ್ತೇ ಬೆಂಗಳೂರು ನಾಗರತ್ನಮ್ಮನವರ ವಿಷಯ ಹೇಳಿದೆ. ನಂಜನಗೂಡಿನಲ್ಲಿ ಹುಟ್ಟಿದ ದೇವದಾಸಿ ಮನೆತನದ ಗಾಯಕಿ. ತಿರುವೈಯಾರಿನಲ್ಲಿ ಪಾಳುಬಿದ್ದಿದ್ದ ತ್ಯಾಗರಾಜರ ಸಮಾಧಿಗೆ ತನ್ನ ದುಡ್ಡು ಸುರಿದು ಗುಡಿ ಕಟ್ಟಿಸಿದರು. ಅಲ್ಲಿನ ಆರಾಧನೆಯಲ್ಲಿ ಹೆಂಗಸರಿಗೆ ಹಾಡಲು ಬಿಡದಿದ್ದಾಗ ಹೆಂಗಸರದೇ ಆರಾಧನೆ ಶುರು ಮಾಡಿದರು. ತ್ಯಾಗರಾಜರ ಜೀವನವನ್ನು ನಾಗರತ್ನಮ್ಮನವರಿಂದ ಹಿಂದಕ್ಕೆ ಹೇಳುತ್ತಾ ಹೋದರೆ ಹೆಣ್ಣುಮಕ್ಕಳು ಎದ್ದು ಹೋಗುವುದಿಲ್ಲ, ನೋಡಿ ಬೇಕಾದರೆ.

ಬೀಥೋವನ್‌ನ ಕಿವುಡುತನ ಏಳೆಂಟು ವರ್ಷದವರಿಗೂ ಹೇಳಬಹುದು. ಅವನ ಅಪ್ಪನ ಕುಡಿತ, ಹೊಡೆತ ಎಲ್ಲಾ ಹೈಸ್ಕೂಲಿಗೆ ಬಂದ ಮೇಲೆ ಇರಲಿ.

ಮೈಸೂರಿನವರಿಗೆ ಒಂದು ಮಾತು. ಜಯಚಾಮರಾಜ ಒಡೆಯರು ಪಿಯಾನೋ ಕಲಿತವರು, 'ಶ್ರೀವಿದ್ಯಾ' ಅಂಕಿತದಲ್ಲಿ ಕೃತಿಗಳನ್ನೂ ರಚಿಸಿದರು. ರಷ್ಯಾ ಬಿಟ್ಟು ಬಂದ ಪಿಯಾನೋ ಸಂಗೀತಗಾರ ಮೆಟ್ನರ್ ಲಂಡನ್ನಿನಲ್ಲಿ ಕಾಯಿಲೆ ಬಿದ್ದು ಕಷ್ಟದಲ್ಲಿದ್ದಾಗ, ಅವನ ಸಂಗೀತ ರೆಕಾರ್ಡ್ ಆಗಲಿ ಅಂತ ದುಡ್ಡು ಕೊಟ್ಟವರು ಇವರೇ. ಮೆಟ್ನರ್ ತನ್ನ ಮೂರನೇ ಪಿಯಾನೋ ಕನ್ಸರ್ಟೋವನ್ನು (ಪಿಯಾನೋ ಜೊತೆ ಆರ್ಕೆಸ್ಟ್ರಾ ನುಡಿಸುವ ಕೃತಿ) ಮಹಾರಾಜರಿಗೇ ಅರ್ಪಿಸಿದ. ಅವನು ಇದ್ದದ್ದು ಗೋಲ್ಡರ್ಸ್ ಗ್ರೀನ್‌ನಲ್ಲಿ, ಸಮಾಧಿ ಹೆಂಡನ್‌ನಲ್ಲಿದೆ. ಹಾಫ್ ಟರ್ಮ್ ರಜೆಯಲ್ಲಿ ಮಕ್ಕಳನ್ನು ಕರೆದುಕೊಂಡು ಹೋಗೋಣ ಅಂತಿದ್ದೇನೆ. ಬರುವವರು ಇಲ್ಲೇ ಹೇಳಿ. ಚಿತ್ರಾನ್ನ ನಾನು ತರುತ್ತೇನೆ, ಮೊಸರನ್ನ ಯಾರಾದರೂ ಒಪ್ಪಿಕೊಳ್ಳಿ.