‘ಕನ್‌ಫಾರ್ಮ್’ ಎಂಬ ಇಂಗ್ಲಿಷ್ ಕ್ರಿಯಾಪದಕ್ಕೆ ಕನ್ನಡದಲ್ಲಿ ಏನೆಂದು ಬರೆಯಬೇಕು?

ಪ್ರಶ್ನೆ (ಪೀಣ್ಯದಿಂದ, ತಪಾಸಣಾ ವಿಭಾಗ)

ಎಲ್ಲರಿಗೂ ನಮಸ್ಕಾರ. ನಾನು ಬೆಂಗಳೂರಿನ ಪೀಣ್ಯದಲ್ಲಿ ಯಂತ್ರದ ಬಿಡಿಭಾಗಗಳನ್ನು ತಯಾರಿಸುವ ಒಂದು ಸಣ್ಣ ಕಾರ್ಖಾನೆಯ ಗುಣಮಟ್ಟ ತಪಾಸಣೆಯ ವಿಭಾಗದಲ್ಲಿ ಕೆಲಸ ಮಾಡುತ್ತೇನೆ. ಗಿರಾಕಿಗಳಿಂದ ಬರುವ ಸೂಚನೆಗಳೆಲ್ಲ ಇಂಗ್ಲಿಷಿನಲ್ಲಿರುತ್ತವೆ. ಲೇತ್ ಮತ್ತು ಗ್ರೈಂಡಿಂಗ್ ಯಂತ್ರಗಳ ಮೇಲೆ ಕೆಲಸ ಮಾಡುವವರಲ್ಲಿ ಹೆಚ್ಚಿನವರು ಕನ್ನಡದಲ್ಲಿಯೇ ಸಲೀಸಾಗಿ ಓದುವವರಾದ್ದರಿಂದ, ಆ ಸೂಚನೆಗಳನ್ನು ಕನ್ನಡಕ್ಕೆ ತಂದು ಯಂತ್ರದ ಪಕ್ಕದಲ್ಲಿ ಅಂಟಿಸುವ ಕೆಲಸ ಈಚೆಗೆ ನನ್ನ ಪಾಲಿಗೆ ಬಂದಿದೆ.

ಕಳೆದ ತಿಂಗಳು ಬಂದ ಹಾಳೆಯೊಂದರಲ್ಲಿ ‘ಪಾರ್ಟ್ಸ್ ಶಲ್ ಕನ್‌ಫಾರ್ಮ್ ಟು ಡ್ರಾಯಿಂಗ್’ ಎಂಬ ಸಾಲಿತ್ತು. ನಾನು ಅದನ್ನು ‘ಬಿಡಿಭಾಗಗಳನ್ನು ಡ್ರಾಯಿಂಗ್ ನೋಡಿ ಖಚಿತಪಡಿಸಿಕೊಳ್ಳಬೇಕು’ ಎಂದು ಬರೆದೆ. ಎರಡನೆಯ ಪಾಳಿಯಲ್ಲಿದ್ದವರು ಡ್ರಾಯಿಂಗ್ ತೆಗೆದು, ಅದರ ಸಂಖ್ಯೆಯೂ ತಾವು ಮಾಡಬೇಕಿದ್ದ ಪಿನ್ನಿನ ಸಂಖ್ಯೆಯೂ ಒಂದೇ ಎಂದು ಖಚಿತಪಡಿಸಿಕೊಂಡು, ಹಾಳೆಗೆ ಸಹಿ ಹಾಕಿ ಯಂತ್ರ ಓಡಿಸಿದ್ದಾರೆ. ಆ ಪಿನ್ನಿನ ವ್ಯಾಸ 12 ಮಿಲಿಮೀಟರ್, ಟಾಲರೆನ್ಸ್ (ಒಪ್ಪಬಹುದಾದ ವ್ಯತ್ಯಾಸ) ಆಚೀಚೆ 0.02. ಬೆಳಿಗ್ಗೆ ನಾನು ಮೈಕ್ರೋಮೀಟರಿಗೆ ಹಿಡಿದಾಗ 12.03 ತೋರಿಸಿತು, ಮುಂದಿನದರಲ್ಲಿಯೂ ಅಷ್ಟೇ. ಇಡೀ ಟ್ರೇಯನ್ನು ಕೆಂಪು ಚೀಟಿ ಹಾಕಿ ಬದಿಗಿಡಬೇಕಾಯಿತು. ‘ನೀವು ಬರೆದ ಹಾಗೆಯೇ ಮಾಡಿದ್ದೇನಲ್ಲ ಮೇಡಂ’ ಎಂದು ಅವರು ಕೇಳಿದರು. ಅವರ ಮಾತು ನಿಜ; ತಪ್ಪು ನನ್ನ ವಾಕ್ಯದ್ದು.

ನನ್ನ ಬಳಿಯಿರುವ ನಿಘಂಟು ಅನುರೂಪವಾಗಿರು, ಅನುಗುಣವಾಗಿರು, ಹೊಂದಿಕೊಳ್ಳು, ವಿಧೇಯನಾಗು ಎಂದು ನಾಲ್ಕು ಅರ್ಥಗಳನ್ನು ಸಾಲಾಗಿ ಕೊಡುತ್ತದೆ. ಯಾವುದು ಎಲ್ಲಿ ಸಲ್ಲುತ್ತದೆ ಎಂಬುದನ್ನು ಹೇಳುವುದಿಲ್ಲ. ಈ ಕ್ರಿಯಾಪದದ ನಿಜವಾದ ಅರ್ಥವೇನು, ಅದರ ಮುಂದೆ ‘ಟು’ ಬರಬೇಕೋ ‘ವಿತ್’ ಬರಬೇಕೋ, ‘ಕಂಪ್ಲೈ’ ಎಂಬುದಕ್ಕೂ ಇದಕ್ಕೂ ಏನು ವ್ಯತ್ಯಾಸ, ಕನ್ನಡದಲ್ಲಿ ಏನು ಬರೆದರೆ ಓದಿದವರಿಗೆ ತಕ್ಷಣ ತಿಳಿಯುತ್ತದೆ ಎಂಬುದನ್ನು ಬಲ್ಲವರು ದಯವಿಟ್ಟು ತಿಳಿಸಬೇಕು.

ಉತ್ತರ 1 (ಶಿವಮೊಗ್ಗದಿಂದ, ನಿವೃತ್ತ ಇಂಗ್ಲಿಷ್ ಅಧ್ಯಾಪಕ)

ಮೇಡಂ, ಈ ತಪ್ಪನ್ನು ನಾನು ಮೂವತ್ತು ವರ್ಷ ಉತ್ತರಪತ್ರಿಕೆಗಳಲ್ಲಿ ತಿದ್ದಿದ್ದೇನೆ. ‘ಕನ್‌ಫಾರ್ಮ್’ ಮತ್ತು ‘ಕನ್‌ಫರ್ಮ್’ ಎರಡು ಬೇರೆ ಬೇರೆ ಪದಗಳು. ಆದರೆ ನಮ್ಮ ಬಾಯಲ್ಲಿ ಅವೆರಡೂ ಬೆರೆತುಹೋಗಿವೆ. ರೈಲಿನ ಸೀಟು ಸಿಕ್ಕಿತೇ ಎಂದು ಕೇಳುವಾಗ ನಮ್ಮಲ್ಲಿ ಅನೇಕರು ‘ಕನ್‌ಫಾರ್ಮ್ ಆಯ್ತಾ’ ಎಂದೇ ಕೇಳುತ್ತಾರೆ. ಅಲ್ಲಿ ಬೇಕಾದದ್ದು ಹ್ರಸ್ವದಂತೆ ಕೇಳಿಸುವ ‘ಫರ್ಮ್’, ಎಂದರೆ ಗಟ್ಟಿ. ಗಟ್ಟಿ ಮಾಡುವುದು, ಖಚಿತಪಡಿಸುವುದು ಅದರ ಅರ್ಥ. ನಿಮ್ಮ ಹಾಳೆಯಲ್ಲಿದ್ದದ್ದು ‘ಫಾರ್ಮ್’, ಎಂದರೆ ಆಕಾರ, ರೂಪ. ಲ್ಯಾಟಿನ್ನಿನಲ್ಲಿ ‘ಕೊನ್’ ಎಂದರೆ ಒಟ್ಟಿಗೆ, ‘ಫೋರ್ಮಾರೆ’ ಎಂದರೆ ರೂಪ ಕೊಡುವುದು. ಹಳೆಯ ಫ್ರೆಂಚಿನ ಮೂಲಕ 14ನೆಯ ಶತಮಾನದಲ್ಲಿ ಈ ಪದ ಇಂಗ್ಲಿಷಿಗೆ ಬಂದಿತು. ಒಂದರ ರೂಪಕ್ಕೆ ಇನ್ನೊಂದರ ರೂಪ ಕೂಡುವುದು ಎಂಬ ಚಿತ್ರ ಅದರ ಒಳಗೆ ಇಂದಿಗೂ ಇದೆ. ಸಂಸ್ಕೃತದ ‘ಅನುರೂಪ’ವೂ ಹೆಚ್ಚುಕಡಿಮೆ ಇದೇ ರೀತಿಯಲ್ಲಿ ಕಟ್ಟಿದ ಪದವಾದ್ದರಿಂದ ನಿಘಂಟುಕಾರರು ಅದನ್ನು ಮೊದಲು ಕೊಡುತ್ತಾರೆ. ಆದರೆ ಶಾಲೆಯ ರೇಖಾಗಣಿತದಲ್ಲಿ ‘ಅನುರೂಪ ಕೋನಗಳು’ ಎಂದು ಓದಿದವರಿಗೆ ಆ ಪದ ಬೇರೆಯದನ್ನು ನೆನಪಿಸುತ್ತದೆ. ಯಂತ್ರದ ಪಕ್ಕಕ್ಕೆ ಅದು ಒಗ್ಗುವುದಿಲ್ಲ.

ನನ್ನ ಅನುಭವದಲ್ಲಿ ಈ ಕ್ರಿಯಾಪದವನ್ನು ಕನ್ನಡಕ್ಕೆ ತರುವಾಗ ನಿಘಂಟಿಗಿಂತ ಮೊದಲು ವಾಕ್ಯದ ಕರ್ತೃವನ್ನು ನೋಡಬೇಕು. ಕರ್ತೃ ಒಂದು ವಸ್ತುವಾಗಿದ್ದರೆ ಕನ್ನಡಕ್ಕೆ ಬೇಕಾದದ್ದು ‘ಇರು’ ಎಂಬ ಧಾತು. ಪಿನ್ನು ಡ್ರಾಯಿಂಗಿನ ಪ್ರಕಾರ ಇರಬೇಕು, ಕಟ್ಟಡ ನಕ್ಷೆಗೆ ತಕ್ಕಂತೆ ಇರಬೇಕು. ಕರ್ತೃ ಮನುಷ್ಯನಾಗಿದ್ದು ಎದುರಿಗೆ ಒಂದು ನಿಯಮವಿದ್ದರೆ ‘ನಡೆ’ ಬೇಕು. ಸದಸ್ಯರು ಸಂಘದ ನಿಯಮಗಳಂತೆ ನಡೆದುಕೊಳ್ಳಬೇಕು ಎನ್ನುತ್ತೇವೆ. ಕರ್ತೃ ಮನುಷ್ಯನಾಗಿದ್ದು ಎದುರಿಗೆ ಬರೆದ ನಿಯಮ ಯಾವುದೂ ಇಲ್ಲದೆ ಸುತ್ತಲಿನ ಜನರು ಮಾತ್ರ ಇದ್ದರೆ, ಆಗ ‘ಹೊಂದಿಕೊಳ್ಳು’, ‘ಹತ್ತು ಜನರಂತೆ ಇರು’ ಎಂಬ ಮಾತುಗಳು ಬರುತ್ತವೆ. ಇಂಗ್ಲಿಷ್ ಒಂದೇ ಪದದಲ್ಲಿ ಮಡಚಿಟ್ಟದ್ದನ್ನು ಕನ್ನಡ ಹೀಗೆ ಮೂರಾಗಿ ಬಿಡಿಸುತ್ತದೆ. ಇದು ನಮ್ಮ ಭಾಷೆಯ ಬಡತನವೆಂದು ನಾನು ಒಪ್ಪುವುದಿಲ್ಲ. ವಸ್ತುವಿನ ಇರವನ್ನೂ ಮನುಷ್ಯನ ನಡತೆಯನ್ನೂ ಬೇರೆಯಾಗಿ ನೋಡುವ ಭಾಷೆಯಲ್ಲಿ ನಿಮ್ಮ ಹಾಳೆಯ ಸೂಚನೆ ಮೂಲಕ್ಕಿಂತ ಸ್ಪಷ್ಟವಾಗಿ ಬರಲು ಸಾಧ್ಯ.

ಇನ್ನು ‘ಟು’ ಮತ್ತು ‘ವಿತ್’. ಕ್ರಿಯಾಪದದ ಮುಂದೆ ‘ಟು’ ಹೆಚ್ಚು ಬಳಕೆಯಲ್ಲಿದೆ. ‘ವಿತ್’ ಕೂಡ ತಪ್ಪಲ್ಲ, ಮುಖ್ಯವಾಗಿ ನಿಯಮ ಕಾನೂನುಗಳ ಮಾತು ಬಂದಾಗ ಅದನ್ನು ಬಳಸುತ್ತಾರೆ. ಅದೇ ಪದ ನಾಮಪದವಾಗಿ ‘ಇನ್ ಕನ್‌ಫಾರ್ಮಿಟಿ’ ಎಂದಾದಾಗ ಅದರ ಮುಂದೆ ಸಾಮಾನ್ಯವಾಗಿ ‘ವಿತ್’ ಬರುತ್ತದೆ. ‘ಕಂಪ್ಲೈ’ಗೆ ಮಾತ್ರ ‘ವಿತ್’ ಒಂದೇ ಸರಿ. ನಾವು ‘ನಿಯಮಕ್ಕೆ ಬದ್ಧ’, ‘ಆಜ್ಞೆಗೆ ವಿಧೇಯ’ ಎಂದು ಚತುರ್ಥಿಯಲ್ಲಿ ಯೋಚಿಸುವುದರಿಂದ ‘ಕಂಪ್ಲೈ ಟು’ ಎಂದು ಬರೆಯುತ್ತೇವೆ. ‘ನಿಯಮವನ್ನು ಪಾಲಿಸು’ ಎಂದು ದ್ವಿತೀಯೆಯಲ್ಲಿ ಯೋಚಿಸಿದವರು ಏನನ್ನೂ ಸೇರಿಸದೆ ‘ಕಂಪ್ಲೈ ದ ರೂಲ್ಸ್’ ಎಂದು ಬರೆಯುತ್ತಾರೆ. ಎರಡೂ ತಪ್ಪು, ಎರಡೂ ನಮ್ಮ ವಿಭಕ್ತಿಗಳಿಂದ ಬಂದ ತಪ್ಪು. ಅರ್ಥದ ವ್ಯತ್ಯಾಸವನ್ನು ಹೀಗೆ ನೆನಪಿಡಬಹುದು: ‘ಕಂಪ್ಲೈ’ ಎಂಬುದರ ಹಿಂದೆ ಒಬ್ಬರ ಆದೇಶವೋ ಕೋರಿಕೆಯೋ ಇರುತ್ತದೆ, ‘ಕನ್‌ಫಾರ್ಮ್’ ಎಂಬುದರ ಹಿಂದೆ ಒಂದು ಮಾದರಿ, ಒಂದು ಅಚ್ಚು ಇರುತ್ತದೆ.

ಉತ್ತರ 2 (ಧಾರವಾಡದಿಂದ, ಕಾನೂನು ದಾಖಲೆಗಳ ಅನುವಾದಕಿ)

ಅಧ್ಯಾಪಕರ ಮಾತಿಗೆ ಒಂದು ಸಣ್ಣ ತಿದ್ದುಪಡಿ ಸೇರಿಸುತ್ತೇನೆ. ತಾಂತ್ರಿಕ ಮತ್ತು ಕಾನೂನು ಬರಹದಲ್ಲಿ ವಸ್ತುವಿಗೂ ‘ಕಂಪ್ಲೈ’ ಬಳಸುತ್ತಾರೆ. ಸಲಕರಣೆಯೊಂದು ಸುರಕ್ಷತಾ ನಿಯಮದೊಂದಿಗೆ ‘ಕಂಪ್ಲೈ’ ಆಗುತ್ತದೆ ಎಂಬ ಬಳಕೆ ಪೂರ್ತಿ ಸಾಧು. ಆದ್ದರಿಂದ ಕರ್ತೃವನ್ನು ನೋಡಿ ಕನ್ನಡದ ಕ್ರಿಯಾಪದವನ್ನು ಆರಿಸಬೇಕೆಂಬ ಸೂತ್ರ ಈ ಎರಡನೆಯ ಪದಕ್ಕೂ ಅನ್ವಯಿಸುತ್ತದೆ. ನಮ್ಮ ಕೆಲಸದಲ್ಲಿ ‘ಅನುಸಾರವಾಗಿ’ ಎಂಬುದನ್ನು ದಿನವೂ ಬರೆಯುತ್ತೇವೆ. ‘ಈ ಅಧಿನಿಯಮದ ಉಪಬಂಧಗಳಿಗೆ ಅನುಸಾರವಾಗಿ’ ಎಂದರೆ ಯಾರಿಗೂ ಸಂಶಯ ಬರುವುದಿಲ್ಲ. ‘ಅಬೈಡ್ ಬೈ’ ಬಂದರೆ ‘ಬದ್ಧರಾಗಿರು’ ಎನ್ನುತ್ತೇವೆ, ‘ಅಡ್ಹಿಯರ್ ಟು’ ಬಂದರೆ ‘ಬಿಡದೆ ಪಾಲಿಸು’.

‘ವಿಧೇಯನಾಗು’ ಎಂಬುದನ್ನು ನಿಮ್ಮ ಹಾಳೆಗಳಿಂದ ದೂರವಿಡಿ. ಅದು ಒಬ್ಬ ವ್ಯಕ್ತಿಗೆ ಇನ್ನೊಬ್ಬರು ತಲೆಬಾಗುವ ಮಾತು. ಕೆಲಸಗಾರರು ಓದುವ ಸೂಚನೆಯಲ್ಲಿ ಅದಕ್ಕೆ ಜಾಗವಿರಬಾರದು ಎಂಬುದು ನನ್ನ ದೃಢವಾದ ಅಭಿಪ್ರಾಯ.

ಉತ್ತರ 3 (ಮೈಸೂರಿನಿಂದ, ಸಮಾಜಶಾಸ್ತ್ರದ ಅಧ್ಯಾಪಕಿ)

ಪ್ರಶ್ನೆ ಕಾರ್ಖಾನೆಯದಾದರೂ, ಅಧ್ಯಾಪಕರು ಹೇಳಿದ ಮೂರನೆಯ ಅರ್ಥದ ಬಗ್ಗೆ ಸ್ವಲ್ಪ ಬರೆಯಬೇಕೆನಿಸಿತು, ಏಕೆಂದರೆ ಈ ಪದಕ್ಕೆ ಅತಿ ಹೆಚ್ಚು ಭಾರ ಬಂದಿರುವುದು ಅಲ್ಲಿಯೇ. ಆ ಅರ್ಥದಲ್ಲಿ ಪದದ ಮುಂದೆ ‘ಟು’ ಆಗಲಿ ‘ವಿತ್’ ಆಗಲಿ ಬೇಕಾಗಿಲ್ಲ. ‘ಷಿ ರೆಫ್ಯೂಸ್ಡ್ ಟು ಕನ್‌ಫಾರ್ಮ್’ ಎಂದು ವಾಕ್ಯವನ್ನು ಅಲ್ಲಿಗೇ ನಿಲ್ಲಿಸಬಹುದು. ಯಾವುದಕ್ಕೆ ಎಂದು ಹೇಳದಿದ್ದರೂ ಸುತ್ತಲಿನ ಸಮಾಜಕ್ಕೆ ಎಂದು ಓದುಗರಿಗೆ ಅರ್ಥವಾಗುತ್ತದೆ.

ಈ ಬಳಕೆಗೆ ಇಂಗ್ಲೆಂಡಿನ ಚರ್ಚಿನ ಚರಿತ್ರೆಯ ಹಿನ್ನೆಲೆಯಿದೆ. 1662ರಲ್ಲಿ ಅಲ್ಲಿಯ ಸಂಸತ್ತು ಎಲ್ಲ ಚರ್ಚುಗಳಲ್ಲಿಯೂ ಒಂದೇ ಪ್ರಾರ್ಥನಾ ಕ್ರಮವಿರಬೇಕೆಂದು ಕಾನೂನು ಮಾಡಿತು. ಅದಕ್ಕೆ ಒಪ್ಪದ ಸುಮಾರು 2000 ಪಾದ್ರಿಗಳು ತಮ್ಮ ಸ್ಥಾನವನ್ನು ಕಳೆದುಕೊಂಡರು. ಹಾಗೆ ಹೊರಗುಳಿದವರಿಗೂ ಅವರ ಹಿಂಬಾಲಕರಿಗೂ ‘ನಾನ್‌ಕನ್‌ಫಾರ್ಮಿಸ್ಟ್’ ಎಂಬ ಹೆಸರು ನಿಂತಿತು. ಸರ್ಕಾರಿ ಹುದ್ದೆಗೆ ಬೇಕಾದಷ್ಟು ಮಾತ್ರಕ್ಕೆ ಅಧಿಕೃತ ಚರ್ಚಿನಲ್ಲಿ ಪ್ರಸಾದ ಸ್ವೀಕರಿಸಿ, ಉಳಿದ ದಿನಗಳಲ್ಲಿ ತಮ್ಮದೇ ಸಭೆಗೆ ಹೋಗುತ್ತಿದ್ದವರನ್ನು ತಡೆಯಲು 1711ರಲ್ಲಿ ಇನ್ನೊಂದು ಕಾನೂನು ಬಂದಿತು, 1719ರಲ್ಲಿ ಅದು ರದ್ದಾಯಿತು. ಕನ್ನಡದವರಾದ ನಮಗೂ ಈ ಜನರಿಗೂ ಒಂದು ನಂಟಿದೆ. 19ನೆಯ ಶತಮಾನದ ಆರಂಭದಲ್ಲಿ ಬಳ್ಳಾರಿಗೆ ಬಂದ ಲಂಡನ್ ಮಿಷನರಿ ಸೊಸೈಟಿಯವರು ಹೆಚ್ಚಾಗಿ ಈ ಪಂಥಗಳಿಂದ ಬಂದವರು. 1824ರಲ್ಲಿ ಇಂಗ್ಲಿಷ್-ಕನ್ನಡ ನಿಘಂಟನ್ನು ಅಚ್ಚು ಹಾಕಿಸಿದ ವಿಲಿಯಂ ರೀವ್ ಅದೇ ಸೊಸೈಟಿಯವರು.

ಮನಃಶಾಸ್ತ್ರದಲ್ಲಿ ಈ ಪದ ನೆಲೆಯೂರಲು ಮುಖ್ಯ ಕಾರಣ ಸಾಲೊಮನ್ ಆ್ಯಷ್ ಅವರು 1950ರ ದಶಕದ ಆರಂಭದಲ್ಲಿ ಅಮೆರಿಕದಲ್ಲಿ ಮಾಡಿದ ಪ್ರಯೋಗಗಳು. ಒಂದು ಹಲಗೆಯ ಮೇಲೆ ಒಂದು ಗೆರೆ, ಇನ್ನೊಂದರ ಮೇಲೆ ಮೂರು ಗೆರೆಗಳು. ಮೊದಲನೆಯದರಷ್ಟೇ ಉದ್ದವಿರುವುದು ಯಾವುದು ಎಂಬುದಷ್ಟೇ ಪ್ರಶ್ನೆ. ಒಬ್ಬಂಟಿಯಾಗಿ ಉತ್ತರಿಸಿದಾಗ ಬಹುಮಟ್ಟಿಗೆ ಯಾರೂ ತಪ್ಪುತ್ತಿರಲಿಲ್ಲ. ಆದರೆ ಮೊದಲೇ ಹೇಳಿಕೊಟ್ಟಿದ್ದ ಜೊತೆಯವರೆಲ್ಲ ಒಬ್ಬರ ನಂತರ ಒಬ್ಬರು ಗಟ್ಟಿಯಾಗಿ ತಪ್ಪು ಗೆರೆಯನ್ನೇ ತೋರಿಸಿದಾಗ, ಏನೂ ತಿಳಿಯದೆ ಸಾಲಿನ ಕೊನೆಯ ಹತ್ತಿರ ಕುಳಿತವರ ಉತ್ತರಗಳಲ್ಲಿ ಸುಮಾರು ಮೂರರಲ್ಲೊಂದು ಪಾಲು ಅದೇ ತಪ್ಪಿನ ಕಡೆಗೆ ಹೋಯಿತು. ಒಮ್ಮೆಯಾದರೂ ಹಾಗೆ ವಾಲಿದವರು ಸುಮಾರು ನಾಲ್ವರಲ್ಲಿ ಮೂವರು. ಗುಂಪಿನಲ್ಲಿ ಇನ್ನೊಬ್ಬರೇ ಒಬ್ಬರು ಸರಿಯಾದ ಉತ್ತರ ಹೇಳಿದರೂ ಸಾಕು, ಈ ವಾಲುವಿಕೆ ಬಹಳ ಕಡಿಮೆಯಾಗುತ್ತಿತ್ತು. ತರಗತಿಯಲ್ಲಿ ಇದನ್ನು ಹೇಳುವಾಗ ನಾನು ‘ಹೊಂದಿಕೊಳ್ಳುವುದು’ ಎಂಬ ಪದವನ್ನು ಬಳಸುವುದಿಲ್ಲ. ನಮ್ಮಲ್ಲಿ ಹೊಂದಿಕೊಂಡು ಹೋಗುವುದು ಒಳ್ಳೆಯ ಗುಣ, ಮದುವೆಯಾಗಿ ಹೋಗುವ ಮಗಳಿಗೆ ತಾಯಿ ಹೇಳುವ ಮಾತು. ಆ ಕೋಣೆಯಲ್ಲಿ ನಡೆದದ್ದು ಅದಲ್ಲ. ಕಣ್ಣೆದುರಿಗಿದ್ದ ಗೆರೆಯನ್ನು ಬಿಟ್ಟು ಜೊತೆಯವರು ಹೇಳಿದ್ದಕ್ಕೆ ದನಿಗೂಡಿಸುವುದು. ‘ಗುಂಪಿಗೆ ಮಣಿಯುವುದು’ ಎಂದರೆ ಅದು ಸರಿಯಾಗಿ ತಿಳಿಯುತ್ತದೆ.

ಉತ್ತರ 4 (ರಾಜಾಜಿನಗರದಿಂದ, ಗುಣಮಟ್ಟ ವ್ಯವಸ್ಥೆಗಳ ಪರಿಶೋಧಕ)

ಮೇಡಂ, ನಿಮ್ಮ ಕ್ಷೇತ್ರದಲ್ಲಿಯೇ ಕೆಲಸ ಮಾಡುವವನಾದ್ದರಿಂದ ನೇರವಾಗಿ ಹೇಳುತ್ತೇನೆ. ಗುಣಮಟ್ಟ ನಿರ್ವಹಣೆಯ ಪದಗಳನ್ನು ವಿವರಿಸುವ ಅಂತರರಾಷ್ಟ್ರೀಯ ಮಾನಕವಾದ ಐಎಸ್‌ಒ 9000ದ 2015ರ ಆವೃತ್ತಿಯಲ್ಲಿ ‘ಕನ್‌ಫಾರ್ಮಿಟಿ’ ಎಂದರೆ ಅವಶ್ಯಕತೆಯೊಂದು ಪೂರೈಕೆಯಾಗಿರುವುದು, ‘ನಾನ್‌ಕನ್‌ಫಾರ್ಮಿಟಿ’ ಎಂದರೆ ಪೂರೈಕೆಯಾಗದಿರುವುದು, ಅರ್ಥ ಅಷ್ಟೇ. ‘ಕನ್‌ಫಾರ್ಮೆನ್ಸ್’ ಎಂಬುದು ಅದೇ ಅರ್ಥದ ಪದವಾದರೂ ಅದನ್ನು ಬಳಸದಿರುವುದೇ ಒಳ್ಳೆಯದೆಂದು ಆ ಮಾನಕವೇ ಸೂಚಿಸುತ್ತದೆ.

ಅನುವಾದದಲ್ಲಿ ನಾನು ಕಂಡ ದೊಡ್ಡ ತೊಂದರೆ ‘ನಾನ್‌ಕನ್‌ಫಾರ್ಮಿಂಗ್’ ಎಂಬುದನ್ನು ‘ದೋಷಪೂರಿತ’ ಎಂದು ಬರೆಯುವುದು. ಉದ್ದೇಶಿಸಿದ ಬಳಕೆಗೆ ಅಡ್ಡಿಯಾಗುವ ಕೊರತೆಯನ್ನು ಮಾತ್ರ ಮಾನಕ ‘ಡಿಫೆಕ್ಟ್’ ಎನ್ನುತ್ತದೆ. ನಿಮ್ಮ 12.03ರ ಪಿನ್ನು ಜೋಡಣೆಯಲ್ಲಿ ಕುಳಿತು ಕೆಲಸ ಮಾಡಿದರೂ ಮಾಡಬಹುದು. ಆಗಲೂ ಅದು ಡ್ರಾಯಿಂಗಿನ ಪ್ರಕಾರ ಇಲ್ಲವಾದ್ದರಿಂದ ‘ನಾನ್‌ಕನ್‌ಫಾರ್ಮಿಂಗ್’ ಆಗಿಯೇ ಉಳಿಯುತ್ತದೆ, ಮತ್ತು ಅದನ್ನು ಬಳಸಬೇಕಾದರೆ ಗಿರಾಕಿಯಿಂದ ಬರವಣಿಗೆಯಲ್ಲಿ ಕನ್ಸೆಷನ್ (ಹಾಗೆಯೇ ಬಳಸಲು ವಿಶೇಷ ಅನುಮತಿ) ಪಡೆಯಬೇಕಾಗುತ್ತದೆ. ‘ದೋಷಪೂರಿತ’ ಎಂದು ಬರೆದಿದ್ದರೆ ಅನುಭವವಿರುವ ಆಪರೇಟರ್ ‘ಇದರಲ್ಲಿ ದೋಷವೇನೂ ಇಲ್ಲವಲ್ಲ’ ಎಂದು ಮುಂದಕ್ಕೆ ಕಳುಹಿಸಿಬಿಡುತ್ತಾರೆ, ಹಾಗೆ ಮಾಡಿದ್ದನ್ನು ನಾನು ನೋಡಿದ್ದೇನೆ. ಯಂತ್ರದ ಬಳಿ ಎಲ್ಲರೂ ‘ಡ್ರಾಯಿಂಗ್ ಪ್ರಕಾರ ಇಲ್ಲ’ ಎಂದೇ ಹೇಳುತ್ತಾರೆ, ಅದನ್ನೇ ಬರೆಯಿರಿ.

ಇನ್ನೊಂದು ಮಾತು. ‘ಡ್ರಾಯಿಂಗ್ ಪ್ರಕಾರ ಇರಬೇಕು’ ಎಂದು ಬರೆದರೂ, ಅದನ್ನು ಯಾರು ಯಾವುದರಿಂದ ಅಳೆಯಬೇಕು ಎಂಬುದು ಆ ವಾಕ್ಯದಲ್ಲಿಲ್ಲ. ಇಂಗ್ಲಿಷ್ ಮೂಲದಲ್ಲಿಯೂ ಅದಿಲ್ಲ. ಅದನ್ನು ಎರಡನೆಯ ವಾಕ್ಯವಾಗಿ ನೀವೇ ಸೇರಿಸಬೇಕು.

ಪ್ರಶ್ನೆ ಕೇಳಿದವರು

ಎಲ್ಲರಿಗೂ ಹೃತ್ಪೂರ್ವಕ ಧನ್ಯವಾದಗಳು. ಕರ್ತೃವನ್ನು ನೋಡಿ ಕ್ರಿಯಾಪದ ಆರಿಸಬೇಕೆಂಬ ಮಾತಿನಿಂದ ನನ್ನ ಗೊಂದಲದ ಹೆಚ್ಚಿನ ಪಾಲು ಕಳೆಯಿತು. ನನ್ನ ಹಳೆಯ ವಾಕ್ಯದಲ್ಲಿ ಪಿನ್ನು ಇರಬೇಕಾದ ಜಾಗದಲ್ಲಿ ಆಪರೇಟರನ್ನು ಕೂರಿಸಿದ್ದೆ, ಪಿನ್ನು ಹೇಗಿರಬೇಕೆಂಬುದನ್ನು ಹೇಳಿಯೇ ಇರಲಿಲ್ಲ. ಈಗ ಹೀಗೆ ಬರೆದಿದ್ದೇನೆ:

‘ಪ್ರತಿಯೊಂದು ಪಿನ್ನೂ ಡ್ರಾಯಿಂಗಿಗೆ ಅನುಗುಣವಾಗಿ ಇರಬೇಕು. ಪ್ರತಿ ಹತ್ತನೆಯ ಪಿನ್ನಿನ ವ್ಯಾಸವನ್ನು ಮೈಕ್ರೋಮೀಟರಿನಿಂದ ಅಳೆದು ಈ ಹಾಳೆಯಲ್ಲಿ ಬರೆಯಬೇಕು. 11.98ಕ್ಕಿಂತ ಕಡಿಮೆ ಅಥವಾ 12.02ಕ್ಕಿಂತ ಹೆಚ್ಚು ಬಂದರೆ ಯಂತ್ರ ನಿಲ್ಲಿಸಿ, ಹಿಂದಿನ ಹತ್ತು ಪಿನ್ನುಗಳನ್ನು ಕೆಂಪು ಟ್ರೇಗೆ ಹಾಕಿ ತಪಾಸಣಾ ವಿಭಾಗಕ್ಕೆ ತಿಳಿಸಬೇಕು.’

ಇದು ಸರಿಯಿದೆಯೇ?

ಉತ್ತರ 1 ಬರೆದವರು

ಬಹಳ ಚೆನ್ನಾಗಿದೆ ಮೇಡಂ. ಒಂದೇ ಒಂದು ಬದಲಾವಣೆ: ‘ಡ್ರಾಯಿಂಗಿಗೆ ಅನುಗುಣವಾಗಿ’ ಎಂಬಲ್ಲಿ ‘ಡ್ರಾಯಿಂಗ್ ಪ್ರಕಾರ’ ಎಂದು ಬರೆಯಿರಿ. ‘ಅನುಗುಣ’ ಎಂಬುದು ಸ್ವಲ್ಪ ಸಡಿಲವಾದ ಪದ. ಆದಾಯಕ್ಕೆ ಅನುಗುಣವಾಗಿ ಖರ್ಚು ಎನ್ನುವಾಗ ನಾವು ಒಂದು ಅಂದಾಜನ್ನು ಒಪ್ಪಿಕೊಂಡಿರುತ್ತೇವೆ. ನಿಮ್ಮ ಪಿನ್ನಿಗೆ ಆ ಸಡಿಲ ಕೂಡದು.

ಪ್ರಶ್ನೆ ಕೇಳಿದವರು

ತಿದ್ದಿದ್ದೇನೆ ಸರ್. ನಾಳೆ ಮೊದಲ ಪಾಳಿ ಶುರುವಾಗುವ ಮುಂಚೆ ಹಳೆಯ ಹಾಳೆಯನ್ನು ಕಿತ್ತು ಇದನ್ನು ಅಂಟಿಸುತ್ತೇನೆ. ಎರಡನೆಯ ಪಾಳಿಯವರಿಗೆ ನಾನೇ ಓದಿ ತೋರಿಸಿ, ಅವರಿಗೆ ಹೇಗೆ ಅರ್ಥವಾಯಿತು ಎಂದು ಕೇಳಿ ಬರುತ್ತೇನೆ.